ಮರಿ ಹಾಕುವ ಕಪ್ಪೆ: ನಿಂಬಾ ಬೆಟ್ಟದ ನೆಲಗಪ್ಪೆಯ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ಮಳೆಗಾಲದಲ್ಲಿ ಕಳಸದ ಕಡೆಗೆ ಕಪ್ಪೆ ನೋಡಲು ಬರುವವರ ಜೊತೆ ನಾನು ಟಾರ್ಚ್ ಹಿಡಿದು ತೋಟ, ಹಳ್ಳ, ಗದ್ದೆಯಂಚು ಸುತ್ತುತ್ತೇನೆ. ಸುತ್ತಾಟ ಮುಗಿಸಿ ಜಗಲಿಯಲ್ಲಿ ಜಿಗಣೆ ಕೀಳುತ್ತಾ ಕುಳಿತಾಗ ಪಶ್ಚಿಮ ಆಫ್ರಿಕಾದ ಈ ಪುಟ್ಟ ಕಪ್ಪೆಯ ಸುದ್ದಿ ತೆಗೆಯುವುದು ನನ್ನ ಅಭ್ಯಾಸ. ಅಲ್ಲಿಗೆ ನಿದ್ದೆ ತೂಗುತ್ತಿದ್ದವರೂ ಎಚ್ಚರಾಗುತ್ತಾರೆ. ವರ್ಷ ಬದಲಾದರೂ ಪ್ರಶ್ನೆಗಳು ಮಾತ್ರ ಅವೇ. ಅದಕ್ಕೇ ಉತ್ತರಗಳನ್ನು ಒಂದೆಡೆ ಬರೆದಿಟ್ಟಿದ್ದೇನೆ. ನಾನು ನಿಂಬಾ ಬೆಟ್ಟ ಹತ್ತಿದವನಲ್ಲ. ಅಲ್ಲಿ ದಶಕಗಟ್ಟಲೆ ದುಡಿದವರ ಬರಹ ಓದಿ ತಿಳಿದದ್ದನ್ನು ನಮ್ಮ ಕಡೆಯ ಮಾತಿನಲ್ಲಿ ಹೇಳುತ್ತಿದ್ದೇನೆ, ಅಷ್ಟೆ.

ಇದು ಯಾವ ಕಪ್ಪೆ? ಎಲ್ಲಿದೆ?

ವೈಜ್ಞಾನಿಕ ಹೆಸರು ನಿಂಬಾಫ್ರಿನಾಯ್ಡಿಸ್ ಆಕ್ಸಿಡೆಂಟಾಲಿಸ್. ಹೆಸರು ಬರೆದರೆ ಕಪ್ಪೆಗಿಂತ ಉದ್ದವಾಗುತ್ತದೆ. ಗಿನಿ, ಐವರಿ ಕೋಸ್ಟ್ ಮತ್ತು ಲೈಬೀರಿಯಾ ದೇಶಗಳ ಗಡಿಗಳು ಕೂಡುವಲ್ಲಿ ಸುಮಾರು 40 ಕಿಲೋಮೀಟರ್ ಉದ್ದದ ಒಂದು ಪರ್ವತಸಾಲಿದೆ. ಅದೇ ನಿಂಬಾ. ಸುತ್ತಲಿನ ಬಯಲು ಸಮುದ್ರಮಟ್ಟದಿಂದ 500 ಮೀಟರ್ ಆಸುಪಾಸಿನಲ್ಲಿದ್ದರೆ, ಬೆಟ್ಟದ ಅತಿ ಎತ್ತರದ ತುದಿ 1,752 ಮೀಟರ್ ಮುಟ್ಟುತ್ತದೆ. ಅಲ್ಲಿ ಅಪಘಾತದಲ್ಲಿ ತೀರಿಕೊಂಡ ಫ್ರೆಂಚ್ ಭೂಗೋಳತಜ್ಞ ರಿಶಾರ್ ಮೊಲಾರ್ ಅವರ ಹೆಸರನ್ನೇ ಆ ಶಿಖರಕ್ಕೆ ಇಟ್ಟಿದ್ದಾರೆ. ನಮ್ಮ ಕಪ್ಪೆ ಇರುವುದು ಬೆಟ್ಟದ ಬೆನ್ನಿನ ಹುಲ್ಲುಗಾವಲಿನಲ್ಲಿ, ಹೆಚ್ಚೂಕಡಿಮೆ 1,200 ಮೀಟರ್‌ಗಿಂತ ಮೇಲೆ. ಪ್ರಪಂಚದಲ್ಲಿ ಬೇರೆಲ್ಲೂ ಇಲ್ಲ.

ಚಿಕ್ಕಮಗಳೂರು ಜಿಲ್ಲೆಯವರಿಗೆ ಆ ಜಾಗವನ್ನು ವಿವರಿಸುವುದು ಕಷ್ಟವಲ್ಲ. ಕುದುರೆಮುಖದ ಬೋಳುಗುಡ್ಡಗಳನ್ನು ನೆನೆಸಿಕೊಳ್ಳಿ. ಮೇಲೆಲ್ಲ ಗಾಳಿಗೆ ಮಲಗಿ ಏಳುವ ಹುಲ್ಲು, ಎರಡು ಗುಡ್ಡಗಳ ಸಂದಿನಲ್ಲಿ ಕಣಿವೆ ಹಿಡಿದು ಇಳಿಯುವ ದಟ್ಟ ಕಾಡು, ಮಳೆಗಾಲವಿಡೀ ಮಂಜು. ನಿಂಬಾದಲ್ಲೂ ಹೀಗೆಯೇ. ಇನ್ನೊಂದು ಹೋಲಿಕೆಯೂ ಇದೆ: ಎರಡೂ ಕಡೆ ಹುಲ್ಲಿನ ಬುಡದಲ್ಲಿ ಇರುವುದು ಕಬ್ಬಿಣದ ಅದಿರು. ಆ ಮಾತಿಗೆ ಆಮೇಲೆ ಬರುತ್ತೇನೆ.

ನಿಂಬಾ ಎಂದರೆ ನಿಂಬೆಹಣ್ಣಿಗೆ ಏನಾದರೂ ಸಂಬಂಧ?

ಇಲ್ಲ. ಪ್ರತಿ ಸಲವೂ ಒಬ್ಬರಾದರೂ ಕೇಳುತ್ತಾರೆ.

ಕಪ್ಪೆಯೋ, ನೆಲಗಪ್ಪೆಯೋ?

ಒರಟು ಚರ್ಮದ, ಕುಪ್ಪಳಿಸುವುದಕ್ಕಿಂತ ತೆವಳುವುದೇ ಹೆಚ್ಚು ಎನ್ನಿಸುವ ನೆಲಗಪ್ಪೆಗಳ ಕುಟುಂಬಕ್ಕೆ ಇದು ಸೇರಿದೆ. ಮಳೆ ಬಂದಾಗ ಬಚ್ಚಲ ಮೂಲೆಯಲ್ಲಿ ಬಂದು ಕೂರುವ ದಪ್ಪ ಕಪ್ಪೆಯ ದೂರದ ನೆಂಟ. ಆದರೆ ಮಾತಿನಲ್ಲಿ ನಾವು ಎಲ್ಲವನ್ನೂ ಕಪ್ಪೆ ಎಂದೇ ಕರೆಯುವುದರಿಂದ ಇಲ್ಲಿಯೂ ಹಾಗೆಯೇ ಬರೆದಿದ್ದೇನೆ. ಮುಟ್ಟಿದರೆ ನರಹುಲಿ ಏಳುತ್ತದೆ ಎನ್ನುವುದು ಬಚ್ಚಲ ಕಪ್ಪೆಯ ವಿಷಯದಲ್ಲೂ ಸುಳ್ಳು, ಈ ಕಪ್ಪೆಯ ವಿಷಯದಲ್ಲೂ ಸುಳ್ಳು. ನರಹುಲಿ ಬರುವುದು ಮನುಷ್ಯರಿಂದ ಮನುಷ್ಯರಿಗೆ ಹರಡುವ ವೈರಸ್‌ನಿಂದ.

ಎಷ್ಟು ದೊಡ್ಡದಿರುತ್ತದೆ?

ದೊಡ್ಡದು ಎನ್ನುವ ಮಾತೇ ಇಲ್ಲ. ಚೆನ್ನಾಗಿ ಬೆಳೆದ ಹೆಣ್ಣು ಮೂರು ಸೆಂಟಿಮೀಟರ್ ಆಸುಪಾಸು, ಗಂಡು ಅದಕ್ಕಿಂತ ಚಿಕ್ಕದು, ಎರಡು ಸೆಂಟಿಮೀಟರ್‌ನಷ್ಟು. ಹೆಬ್ಬೆರಳಿನ ಉಗುರಿನ ಮೇಲೆ ಗಂಡನ್ನು ಕೂರಿಸಿದರೆ ಉಗುರು ಮುಚ್ಚುತ್ತದೆ, ಬೆರಳು ಮುಚ್ಚುವುದಿಲ್ಲ. ಆಗಷ್ಟೇ ಹುಟ್ಟಿದ ಮರಿಯ ಉದ್ದ ಏಳೂವರೆ ಮಿಲಿಮೀಟರ್ ಇರಬಹುದು. ಒಂದು ಕಡಲೆಕಾಳನ್ನು ಅಂಗೈಯಲ್ಲಿಟ್ಟುಕೊಂಡು ಅದಕ್ಕೆ ನಾಲ್ಕು ಕಾಲು, ಎರಡು ಕಣ್ಣು ಕಲ್ಪಿಸಿಕೊಳ್ಳಿ.

ಕಪ್ಪೆ ಮರಿ ಹಾಕುವುದು ನಿಜವೇ? ಮೊಟ್ಟೆ ಹೊಟ್ಟೆಯಲ್ಲೇ ಒಡೆದು ಮರಿ ಬರುವುದಲ್ಲವೇ?

ಒಳ್ಳೆಯ ಅನುಮಾನ. ಹಾವು ನೋಡಿ ಗೊತ್ತಿರುವವರು ಸಾಮಾನ್ಯವಾಗಿ ಇದನ್ನು ಕೇಳುತ್ತಾರೆ. ಕೊಳಕುಮಂಡಲ ಮರಿ ಹಾಕುತ್ತದೆ ಎನ್ನುವುದು ನಮಗೆ ಹೊಸದಲ್ಲ. ಆದರೆ ಅಲ್ಲಿ ಮರಿ ಬೆಳೆಯುವುದು ಮುಖ್ಯವಾಗಿ ಮೊಟ್ಟೆಯೊಳಗಿನ ಹಳದಿಯಿಂದ. ತಾಯಿ ಬುತ್ತಿ ಕಟ್ಟಿಕೊಟ್ಟಿರುತ್ತಾಳೆ, ಮರಿ ಅದನ್ನೇ ಉಂಡು ಬೆಳೆಯುತ್ತದೆ. ತಾಯಿಯ ಹೊಟ್ಟೆ ಒಂದು ಭದ್ರವಾದ ಕೋಣೆ, ಅಷ್ಟೆ.

ನಿಂಬಾ ಕಪ್ಪೆಯ ಕತೆ ಬೇರೆ. ಇದರ ಅಂಡ ಅರ್ಧ ಮಿಲಿಮೀಟರ್‌ಗಿಂತ ತುಸು ದೊಡ್ಡದು, ರಾಗಿಕಾಳಿಗಿಂತಲೂ ಸಣ್ಣದು. ಅದರಲ್ಲಿ ಬುತ್ತಿ ಎನ್ನುವಷ್ಟು ಹಳದಿಯೇ ಇರುವುದಿಲ್ಲ. ಒಂದು ಕಪ್ಪೆಯನ್ನು ಕಟ್ಟಿ ನಿಲ್ಲಿಸಲು ಅದು ಎಲ್ಲಿ ಸಾಕು? ಉಳಿದ ಆಹಾರವನ್ನೆಲ್ಲ ತಾಯಿಯೇ ದಿನದಿನವೂ ಬಡಿಸಬೇಕು. ಗರ್ಭಕೋಶದ ಗೋಡೆಯಿಂದ ಒಂದು ಪೌಷ್ಟಿಕ ದ್ರವ ಒಸರುತ್ತದೆ. ವಿಜ್ಞಾನಿಗಳು ಅದನ್ನು ಗರ್ಭದ ಹಾಲು ಎನ್ನುತ್ತಾರೆ. ಒಳಗಿರುವ ಮರಿಗಳು ಬಾಯಿಯಿಂದ ಅದನ್ನು ಕುಡಿದು ಬೆಳೆಯುತ್ತವೆ. ಕೆರೆಯ ಗೊದಮೊಟ್ಟೆಗಳಿಗೆ ಪಾಚಿ ಕೆರೆದು ತಿನ್ನಲು ಗಡಸು ಹಲ್ಲುಗಳ ಸಾಲಿರುತ್ತದೆ. ಇವಕ್ಕೆ ಅದು ಬೇಕಿಲ್ಲ, ಕೆರೆಯುವುದಕ್ಕೆ ಒಳಗೆ ಏನಿದೆ? ಬಾಲ ಮೂಡಿ, ಕಾಲು ಮೂಡಿ, ಬಾಲ ಕರಗಿ, ಪೂರ್ತಿ ಕಪ್ಪೆಯಾಗಿಯೇ ಹೊರಬರುತ್ತವೆ. ತಾಯಿಯೇ ಗರ್ಭದೊಳಗೆ ಉಣಿಸಿ, ಕಪ್ಪೆಯ ರೂಪದಲ್ಲೇ ಮರಿಯನ್ನು ಹೆರುವ ಜಾತಿ ಇಡೀ ಕಪ್ಪೆಕುಲದಲ್ಲಿ ಗೊತ್ತಿರುವುದು ಇದೊಂದೇ.

ಒಮ್ಮೆ ಏಳನೇ ತರಗತಿಯ ಹುಡುಗನೊಬ್ಬ ಇಷ್ಟೆಲ್ಲ ಕೇಳಿಸಿಕೊಂಡು, "ಹಾಗಾದರೆ ಮಾವ, ಆ ಕಪ್ಪೆಗೆ ಹೊಕ್ಕುಳು ಇರುತ್ತದೆಯೇ?" ಎಂದ. ದೊಡ್ಡವರು ನಕ್ಕರು. ನನಗೆ ಆ ರಾತ್ರಿಯ ಅತಿ ಬುದ್ಧಿವಂತ ಪ್ರಶ್ನೆ ಅದೇ ಎನ್ನಿಸಿತು. ಉತ್ತರ: ಇಲ್ಲ. ಹೊಕ್ಕುಳಬಳ್ಳಿ ಇಲ್ಲ, ಮಾಸೂ ಇಲ್ಲ. ಕುಡಿಯುವುದೆಲ್ಲ ಬಾಯಿಯಿಂದಲೇ.

ಬಸಿರು ಎಷ್ಟು ತಿಂಗಳು?

ಒಂಬತ್ತು. ಹೌದು, ನಮ್ಮಷ್ಟೇ. ಇದನ್ನು ಹೇಳಿದಾಗ ಜಗಲಿಯ ಮೇಲೆ ಕುಳಿತ ಹೆಂಗಸರು ಒಬ್ಬರ ಮುಖ ಒಬ್ಬರು ನೋಡಿಕೊಳ್ಳುತ್ತಾರೆ.

ಆದರೆ ಈ ಒಂಬತ್ತು ತಿಂಗಳು ಒಂದೇ ಹದದಲ್ಲಿ ಸಾಗುವುದಿಲ್ಲ. ನಿಂಬಾ ಭೂಮಧ್ಯರೇಖೆಯಿಂದ ಉತ್ತರಕ್ಕಿದೆ. ಅಲ್ಲಿಯ ಮಳೆಗಾಲ ಸುಮಾರು ಏಪ್ರಿಲ್‌ನಿಂದ ಅಕ್ಟೋಬರ್. ಹಾಗಾಗಿ ಅಲ್ಲಿಯ ಲೆಕ್ಕವನ್ನು ನಮ್ಮ ಮಳೆನಕ್ಷತ್ರಗಳಲ್ಲಿ ಹೇಳಿದರೂ ನಡೆಯುತ್ತದೆ. ಉತ್ತರೆ, ಹಸ್ತ, ಚಿತ್ತೆಯ ಹೊತ್ತಿಗೆ, ಅಂದರೆ ಸೆಪ್ಟೆಂಬರ್-ಅಕ್ಟೋಬರ್‌ನಲ್ಲಿ ಗಂಡು ಹೆಣ್ಣು ಕೂಡುತ್ತವೆ. ನವೆಂಬರ್ ಹೊತ್ತಿಗೆ ಮಳೆ ಹಿಂದೆ ಸರಿದು, ಸಹಾರಾ ಕಡೆಯಿಂದ ಹರ್ಮಾಟನ್ ಎಂಬ ಒಣಗಾಳಿ ಬೀಸತೊಡಗುತ್ತದೆ. ಹುಲ್ಲು ಬಾಡುತ್ತದೆ, ನೆಲ ಬಿರಿಯುತ್ತದೆ. ಆಗ ಬಸುರಿ ಕಪ್ಪೆಗಳು ಮಣ್ಣಿನ, ಬಂಡೆಯ ಬಿರುಕುಗಳಿಗೆ ಇಳಿದು ಕುಳಿತುಬಿಡುತ್ತವೆ. ತಿನ್ನುವುದಿಲ್ಲ, ಹೊರಗೆ ಬರುವುದಿಲ್ಲ. ಒಳಗಿನ ಪಿಂಡವೂ ಅಷ್ಟೇ, ಬೆಳೆಯುವುದನ್ನು ನಿಧಾನ ಮಾಡುತ್ತದೆ. ತಾಯಿಯ ಅಂಡಾಶಯದಿಂದ ಬರುವ ಪ್ರೊಜೆಸ್ಟರಾನ್ ಹಾರ್ಮೋನೇ ಆ ಕಡಿವಾಣ. ತಾಯಿ ಉಪವಾಸವಿರುವಾಗ ಮರಿಗಳು ಅವಸರದಲ್ಲಿ ಬೆಳೆದರೆ ಇಬ್ಬರಿಗೂ ಉಳಿವಿಲ್ಲ.

ಏಪ್ರಿಲ್‌ನಲ್ಲಿ, ನಮ್ಮ ಅಶ್ವಿನಿ, ಭರಣಿ ಮಳೆಯ ಸುಮಾರಿಗೆ, ಅಲ್ಲಿಯೂ ಮಳೆ ಹನಿಯುತ್ತದೆ. ಕಪ್ಪೆಗಳು ಮೇಲೆ ಬಂದು ಹುಲ್ಲಿನ ಬುಡದಲ್ಲಿ ಸಿಗುವ ಹುಳಹುಪ್ಪಟೆಗಳನ್ನು ಬಕಬಕ ತಿನ್ನಲು ಶುರು ಮಾಡುತ್ತವೆ. ಆಗ ಕಡಿವಾಣ ಸಡಿಲಾಗಿ, ಗರ್ಭದ ಹಾಲು ಧಾರಾಳವಾಗಿ ಒಸರಿ, ಐದಾರು ತಿಂಗಳು ತೂಕಡಿಸುತ್ತಿದ್ದ ಮರಿಗಳು ಕೊನೆಯ ಎರಡು ತಿಂಗಳಲ್ಲಿ ಸರಸರನೆ ಬೆಳೆದುಬಿಡುತ್ತವೆ. ಜೂನ್‌ನಲ್ಲಿ, ಮೃಗಶಿರ ಮಳೆಯ ದಿನಗಳಲ್ಲಿ, ಹೆರಿಗೆ. ಹುಟ್ಟಿದ ಮರಿಗೆ ಮುಂದೆ ನಾಲ್ಕೈದು ತಿಂಗಳು ಒದ್ದೆ ಹುಲ್ಲು, ಬೇಕಾದಷ್ಟು ಹುಳ. ಇದಕ್ಕಿಂತ ಒಳ್ಳೆಯ ಮುಹೂರ್ತವನ್ನು ಯಾವ ಜೋಯಿಸರೂ ಇಟ್ಟುಕೊಡಲಾರರು.

ಹೆರಿಗೆ ಹೇಗಾಗುತ್ತದೆ?

ಹೆರಿಗೆ ನೋವು ಎಂದರೆ ಗರ್ಭಕೋಶದ ಸ್ನಾಯು ಹಿಂಡುವುದು. ಈ ಕಪ್ಪೆಯ ಗರ್ಭಕೋಶಕ್ಕೆ ಹಾಗೆ ಹಿಂಡುವ ಬಲವಿಲ್ಲ. ಅದಕ್ಕೆ ಅದು ಬೇರೆ ದಾರಿ ಕಂಡುಕೊಂಡಿದೆ. ತಾಯಿ ಗಾಳಿ ನುಂಗಿ ಶ್ವಾಸಕೋಶವನ್ನು ಊದಿಸಿಕೊಳ್ಳುತ್ತಾಳೆ. ಉಬ್ಬಿದ ಶ್ವಾಸಕೋಶ ಪಕ್ಕದ ಗರ್ಭಕೋಶವನ್ನು ಒತ್ತುತ್ತದೆ, ಮರಿ ಹೊರಗೆ ಜಾರುತ್ತದೆ. ಮತ್ತೆ ಊದುವುದು, ಮತ್ತೆ ಒತ್ತುವುದು. ಕುಲುಮೆಯ ತಿದಿ ಒತ್ತುವುದನ್ನು ನೋಡಿದವರಿಗೆ ಇದು ಕಣ್ಣಿಗೆ ಕಟ್ಟುತ್ತದೆ.

ಒಂದು ಹೆರಿಗೆಗೆ 4ರಿಂದ 17 ಮರಿಗಳು. ದೊಡ್ಡ ತಾಯಿಗೆ ಹೆಚ್ಚು, ಚಿಕ್ಕ ತಾಯಿಗೆ ಕಡಿಮೆ. ಸಾವಿರಾರು ಮೊಟ್ಟೆ ಇಟ್ಟು ಕೈತೊಳೆದುಕೊಳ್ಳುವ ಬಚ್ಚಲ ಕಪ್ಪೆಯ ಪಕ್ಕದಲ್ಲಿಟ್ಟು ನೋಡಿದರೆ ಇದು ಬಹಳ ಸಣ್ಣ ಸಂಖ್ಯೆ. ಮರಿ ಹೊರಬಂದ ಮೇಲೆ ತಾಯಿಯ ಆರೈಕೆ ಇಲ್ಲ. ಅದರ ಪಾಡು ಅದಕ್ಕೆ.

ಗಂಡು ಏನು ಮಾಡುತ್ತದೆ?

ಬೇರೆ ಕಪ್ಪೆಗಳಲ್ಲಿ ಹೆಣ್ಣು ಮೊಟ್ಟೆ ಹೊರಗೆ ಬಿಟ್ಟಾಗ ಗಂಡು ಅದರ ಮೇಲೆ ವೀರ್ಯ ಸುರಿಸುತ್ತದೆ. ಇಲ್ಲಿ ಅಂಡ ಹೊರಗೆ ಬರುವುದೇ ಇಲ್ಲವಾದ್ದರಿಂದ ಎಲ್ಲವೂ ಒಳಗೇ ನಡೆಯಬೇಕು. ಗಂಡಿಗೆ ಅದಕ್ಕೆಂದು ಪ್ರತ್ಯೇಕ ಅಂಗವಿಲ್ಲ. ಹೆಣ್ಣನ್ನು ಸೊಂಟದ ಬಳಿ ತಬ್ಬಿ, ಮಲದ್ವಾರಕ್ಕೆ ಮಲದ್ವಾರ ಒತ್ತಿ ಹಿಡಿಯುತ್ತದೆ. ಅಲ್ಲಿಗೆ ಅದರ ಸಂಸಾರ ಮುಗಿಯಿತು.

ಇಷ್ಟೆಲ್ಲ ಪಾಡು ಯಾಕೆ? ನೀರಿನಲ್ಲಿ ಮೊಟ್ಟೆ ಇಟ್ಟಿದ್ದರೆ ಆಗುತ್ತಿರಲಿಲ್ಲವೇ?

ನೀರೆಲ್ಲಿದೆ? ಅದೇ ಈ ಕತೆಯ ಹೂರಣ. ಬೆಟ್ಟದ ಬೆನ್ನಿನ ಮೇಲೆ ಮಳೆ ಎಷ್ಟು ಸುರಿದರೂ ನಿಲ್ಲುವುದಿಲ್ಲ. ಕುದುರೆಮುಖದ ಗುಡ್ಡ ಹತ್ತಿದವರು ನೋಡಿರುತ್ತೀರಿ: ಅಂಗಿ ಹಿಂಡಿದರೆ ಬಕೆಟ್ ತುಂಬುವಷ್ಟು ನೆನೆದಿರುತ್ತೀರಿ, ಆದರೆ ಕೈ ತೊಳೆಯಲು ನಿಂತ ನೀರು ಬೇಕೆಂದರೆ ಕಣಿವೆಗೇ ಇಳಿಯಬೇಕು. ಗೊದಮೊಟ್ಟೆಗೆ ಕೆಲವು ವಾರಗಳಾದರೂ ಬತ್ತದ, ಕೊಚ್ಚಿಹೋಗದ ಹೊಂಡ ಬೇಕು. ನಿಂಬಾದ ನೆತ್ತಿಯ ಇಳಿಜಾರಿನಲ್ಲಿ ಅಂಥದ್ದು ಸಿಗುವುದು ದುರ್ಲಭ. ಆದ್ದರಿಂದ ಈ ಕಪ್ಪೆ ಕೆರೆಯನ್ನೇ ಹೊಟ್ಟೆಯೊಳಗೆ ಹೊತ್ತುಕೊಂಡಿದೆ.

ಇನ್ನೊಂದು ಲಾಭವೂ ಇದೆ. ಬೇಸಿಗೆಯಲ್ಲಿ ಬೆಟ್ಟದ ಹುಲ್ಲಿಗೆ ಬೆಂಕಿ ಬೀಳುವುದು ಅಲ್ಲಿಯೂ ಇದೆ. ಮೇಲೆ ಉರಿಯುವಾಗ ತಾಯಿ, ಮಕ್ಕಳು ಎಲ್ಲರೂ ಒಟ್ಟಿಗೇ ನೆಲದಡಿ ಇರುತ್ತಾರೆ.

ಶೃಂಗೇರಿಯ ಕಪ್ಪೆ ಶಂಕರನ ಬಸುರಿ ಕಪ್ಪೆಯೂ ಇಂಥದ್ದೇ ಇರಬಹುದೇ?

ಈ ಪ್ರಶ್ನೆ ಬಾರದ ರಾತ್ರಿಯೇ ಇಲ್ಲ. ನಮ್ಮ ಪಕ್ಕದ ಊರಲ್ಲವೇ! ತುಂಗೆಯ ಸ್ನಾನಘಟ್ಟದ ಬಳಿ ಹೆಡೆ ಬಿಚ್ಚಿದ ಹಾವು, ಅದರ ಕೆಳಗೆ ಕಪ್ಪೆ ಇರುವ ಆ ಕಲ್ಲನ್ನು ನೋಡದ ಮಲೆನಾಡಿನವರು ಕಡಿಮೆ. ಶಂಕರಾಚಾರ್ಯರು ಅಲ್ಲಿಗೆ ಬಂದಾಗ, ಉರಿಬಿಸಿಲಿನಲ್ಲಿ ಪ್ರಸವವೇದನೆ ಪಡುತ್ತಿದ್ದ ಕಪ್ಪೆಗೆ ನಾಗರಹಾವೊಂದು ಹೆಡೆಯ ನೆರಳು ಹಿಡಿದಿತ್ತಂತೆ. ಹುಟ್ಟು ವೈರಿಗಳು ವೈರ ಮರೆತ ಜಾಗವೇ ಪೀಠಕ್ಕೆ ತಕ್ಕದ್ದೆಂದು ಅವರು ನಿರ್ಧರಿಸಿದರಂತೆ.

ಐತಿಹ್ಯವನ್ನು ಜೀವಶಾಸ್ತ್ರದ ತಕ್ಕಡಿಯಲ್ಲಿ ತೂಗುವುದು ತರವಲ್ಲ. ಅದೂ ತಕ್ಕಡಿಯಲ್ಲಿ ಕಪ್ಪೆ! ತುಂಗೆಯ ದಡದಲ್ಲಿರುವ ಕಪ್ಪೆಗಳೆಲ್ಲ ಮೊಟ್ಟೆ ಇಡುವಂಥವೇ. ಮೊಟ್ಟೆ ತುಂಬಿದ ಹೆಣ್ಣು ಕಪ್ಪೆಯ ಹೊಟ್ಟೆ ಬಸುರಿಯ ಹೊಟ್ಟೆಯಂತೆಯೇ ಉಬ್ಬಿರುತ್ತದೆ, ನೋಡಿದವರು ಬಸುರಿ ಎಂದಿದ್ದರೆ ತಪ್ಪೇನಿಲ್ಲ. ಆದರೂ ನಿಂಬಾ ಕಪ್ಪೆ ಗಾಳಿ ನುಂಗಿ ಉಬ್ಬುತ್ತಾ ಹೆರುವ ವಿವರವನ್ನು ಮೊದಲು ಓದಿದಾಗ ನನಗೆ ನೆನಪಾದದ್ದು ಆ ಕಲ್ಲೇ.

ಬೇರೆ ಯಾವ ಕಪ್ಪೆಯೂ ಮರಿ ಹಾಕುವುದಿಲ್ಲವೇ?

ಹಾಕುತ್ತವೆ, ಆದರೆ ರೀತಿ ಬೇರೆ. ತಾಂಜಾನಿಯಾದ ಬೆಟ್ಟಗಳಲ್ಲಿ ನೆಕ್ಟೊಫ್ರಿನಾಯ್ಡಿಸ್ ಎಂಬ ಗುಂಪಿನ ನೆಲಗಪ್ಪೆಗಳಿವೆ. ಅವೂ ಪುಟ್ಟ ಕಪ್ಪೆಗಳನ್ನೇ ಹೆರುತ್ತವೆ, ಆದರೆ ಬುತ್ತಿಯ ಲೆಕ್ಕದಲ್ಲಿ, ಅಂದರೆ ಮೊಟ್ಟೆಯ ಹಳದಿಯ ಮೇಲೆ ಬೆಳೆಸಿ. ಇಂಡೊನೇಷ್ಯಾದ ಸುಲವೆಸಿ ದ್ವೀಪದ ಒಂದು ಕಪ್ಪೆ ನೇರವಾಗಿ ಗೊದಮೊಟ್ಟೆಗಳನ್ನೇ ಹೆರುತ್ತದೆ. ಅದಕ್ಕೆ ಹೆಸರಿಟ್ಟದ್ದು 2014ರಲ್ಲಿ.

ಕಪ್ಪೆ ಬಿಟ್ಟು ಅದರ ಬಂಧುಗಳಿಗೆ ಬಂದರೆ, ನಮ್ಮ ಪಶ್ಚಿಮ ಘಟ್ಟದಲ್ಲೇ ಒಂದು ಉದಾಹರಣೆ ಇದೆ. ತೋಟದ ಮಣ್ಣು ಅಗೆಯುವಾಗ ಎರೆಹುಳದಂತೆ ಕಾಣುವ, ಕಾಲಿಲ್ಲದ ಉಭಯವಾಸಿಗಳು ಸಿಗುತ್ತವೆಯಲ್ಲ, ಅವುಗಳಲ್ಲಿ ಗೆಜೆನಿಯೋಫಿಸ್ ಶೇಷಾಚಾರಿ ಎಂಬ ಜಾತಿ ಮರಿ ಹಾಕುತ್ತದೆ ಎಂದು 2008ರಲ್ಲಿ ಪ್ರಕಟವಾಯಿತು. ಏಷ್ಯಾದ ಉಭಯವಾಸಿಗಳಲ್ಲಿ ಹಾಗೆ ಗೊತ್ತಾದದ್ದು ಅದೇ ಮೊದಲು.

ನಮ್ಮ ಬೆಟ್ಟಗಳ ಕಪ್ಪೆಗಳು ನೀರಿಲ್ಲದೆ ಹೇಗೆ ನಿಭಾಯಿಸುತ್ತವೆ?

ಹೊಟ್ಟೆಯಲ್ಲಿ ಹೊರುವ ಸಾಹಸಕ್ಕೆ ಅವು ಕೈಹಾಕಿಲ್ಲ. ಆದರೆ ಜಾಣತನಕ್ಕೆ ಕೊರತೆ ಇಲ್ಲ. ರಾತ್ರಿ ಕಾಫಿ ಗಿಡಗಳ ನಡುವೆ ಟಿಕ್ ಟಿಕ್ ಎಂದು ಕೂಗುವ ಪುಟ್ಟ ಪೊದೆಗಪ್ಪೆಗಳಿಗೆ ಗೊದಮೊಟ್ಟೆಯ ಅವಸ್ಥೆಯೇ ಹೊರಗೆ ಕಾಣುವುದಿಲ್ಲ. ಹೋದ ವರ್ಷ ಆರಿದ್ರಾ ಮಳೆಯಲ್ಲಿ ಏಲಕ್ಕಿ ಬುಡದ ತರಗೆಲೆ ಸರಿಸಿದಾಗ ಅಂಥ ಮೊಟ್ಟೆಗಳ ಗೊಂಚಲೊಂದು ಸಿಕ್ಕಿತು. ಬೇಯಿಸಿದ ಸಾಬೂದಾನಿಯ ಹಾಗೆ ಪಾರದರ್ಶಕ. ಟಾರ್ಚನ್ನು ಪಕ್ಕದಿಂದ ಹಿಡಿದು ಬಗ್ಗಿ ನೋಡಿದರೆ ಒಂದೊಂದು ಕಾಳಿನೊಳಗೂ ಒಂದೊಂದು ಕಪ್ಪೆ, ಮಡಚಿದ ಕಾಲು, ಎರಡು ಕಪ್ಪು ಚುಕ್ಕೆ ಕಣ್ಣು. ನಾವು ನೋಡುತ್ತಿರುವಂತೆಯೇ ಒಂದು ಒಳಗೆ ಮಗ್ಗುಲು ಬದಲಿಸಿತು. ತರಗೆಲೆ ಮೊದಲಿನಂತೆ ಮುಚ್ಚಿ ಬಂದೆವು.

ಇದೇ ಪೊದೆಗಪ್ಪೆಗಳ ಬಳಗದಲ್ಲಿ ಎತ್ತರದ ಹುಲ್ಲುಗಾವಲಿನ ಒಂದು ಜಾತಿಯೂ ಇದೆ. ಕೇರಳದ ಎರವಿಕುಲಂನಲ್ಲಿ, 2,695 ಮೀಟರ್ ಎತ್ತರದ ಆನೈಮುಡಿಯಲ್ಲಿ ಸಿಕ್ಕ ಕೆಂಡಬಣ್ಣದ ಕಪ್ಪೆ. ಎಸ್.ಡಿ. ಬಿಜು ಮತ್ತು ಸಂಗಡಿಗರು 2010ರಲ್ಲಿ ಬೆಂಗಳೂರಿನ 'ಕರೆಂಟ್ ಸೈನ್ಸ್' ಪತ್ರಿಕೆಯಲ್ಲಿ ಅದಕ್ಕೆ ಹೆಸರಿಟ್ಟರು. ಅದೇ ಲೇಖನದಲ್ಲಿ ಈ ಪೊದೆಗಪ್ಪೆಗಳ ಗುಂಪಿಗೆ ರಾವೋರ್ಕೆಸ್ಟಿಸ್ ಎಂಬ ಹೊಸ ಹೆಸರೂ ಬಂತು. ಅದರಲ್ಲಿರುವ 'ರಾವ್' ಯಾರು ಗೊತ್ತೇ? ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಪ್ರಾಣಿಶಾಸ್ತ್ರ ಕಲಿಸಿದ, ದಕ್ಷಿಣ ಭಾರತದ ಹಲವು ಕಪ್ಪೆಗಳಿಗೆ ಹೆಸರು ಕೊಟ್ಟ ಸಿ.ಆರ್. ನಾರಾಯಣ ರಾವ್. 1932ರಲ್ಲಿ ಶುರುವಾದ ಆ ಪತ್ರಿಕೆಯ ಮೊದಲ ಸಂಪಾದಕರೂ ಅವರೇ. ಆ ಲೇಖನದ ಲೇಖಕರಲ್ಲಿ ಫ್ರಾನ್ಸಿನ ಅಲಾಂ ದ್ಯುಬ್ವಾ ಒಬ್ಬರು. ನಿಂಬಾ ಕಪ್ಪೆಗೆ ನಿಂಬಾಫ್ರಿನಾಯ್ಡಿಸ್ ಎಂಬ ಪ್ರತ್ಯೇಕ ಕುಲವನ್ನು ಮಾಡಿಕೊಟ್ಟವರೂ ಅವರೇ. ಕಪ್ಪೆಗಳ ಪ್ರಪಂಚ ಅಷ್ಟು ಚಿಕ್ಕದು.

ಉತ್ತರ ಕನ್ನಡದ ಕುಂಬಾರ ಕಪ್ಪೆಯನ್ನೂ ಹೇಳದೆ ಬಿಡಲಾಗದು. ಕೆ.ವಿ. ಗುರುರಾಜ ಮತ್ತು ಸಂಗಡಿಗರು 2014ರಲ್ಲಿ ವಿವರಿಸಿದ ಈ ಕಪ್ಪೆಯ ಗಂಡು ಹಿಂಗಾಲಿನ ಮೇಲೆ ನಿಂತು ಮುಂಗಾಲಿನಿಂದ ಮೊಟ್ಟೆಗಳಿಗೆ ಕೆಸರು ಮೆತ್ತುತ್ತದೆ.

ನಿಂಬಾ ಕಪ್ಪೆಯನ್ನು ಮೊದಲು ಕಂಡವರು ಯಾರು?

ಬೆಟ್ಟದ ಬುಡದ ಹಳ್ಳಿಯವರು ನೋಡಿಯೇ ಇದ್ದಾರು. ವಿಜ್ಞಾನದ ಕಡತಕ್ಕೆ ಬಂದದ್ದು 1940ರ ದಶಕದಲ್ಲಿ. ಮ್ಯಾಕ್ಸಿಮ್ ಲಾಮೊಟ್ ಎಂಬ ಫ್ರೆಂಚ್ ಜೀವಶಾಸ್ತ್ರಜ್ಞ 1942ರಲ್ಲಿ ನಿಂಬಾ ಹತ್ತಿದರು. 1943ರಲ್ಲಿ ಫರ್ನಾಂಡ್ ಆಂಜೆಲ್ ಕಪ್ಪೆಗೆ ಹೆಸರಿಟ್ಟರು. ಮಹಾಯುದ್ಧದ ನಡುವೆ ಉಗುರಿನಷ್ಟು ಕಪ್ಪೆಯ ಕಾಲು ಅಳೆಯುತ್ತಾ ಕುಳಿತವರ ಬಗ್ಗೆ ನನಗೆ ಯಾವಾಗಲೂ ಗೌರವ. ಬಸಿರು, ಹಾರ್ಮೋನು, ಹೆರಿಗೆಯ ಒಳಗುಟ್ಟುಗಳನ್ನು ಬಿಡಿಸಿದ್ದು ಹೆಚ್ಚಾಗಿ ಫ್ರಾಂಸ್ವಾಸ್ ಕ್ಸಾವಿಯೆ. ಲೈಬೀರಿಯಾ ಕಡೆಯ ಕಪ್ಪೆಗಳನ್ನು ಅವರು ಬೇರೆ ಜಾತಿ ಎಂದಿದ್ದರು. ಲಾರಾ ಸ್ಯಾಂಡ್‌ಬರ್ಗರ್, ಮಾರ್ಕ್ ಆಲಿವರ್ ರೋಡೆಲ್ ಮೊದಲಾದವರು 2010ರಲ್ಲಿ, ಎರಡೂ ಒಂದೇ ಜಾತಿಯ ಉಪಜಾತಿಗಳು ಎಂದು ತೋರಿಸಿದರು.

ಈಗ ಅವುಗಳ ಸ್ಥಿತಿ ಹೇಗಿದೆ?

ಅಳಿವಿನ ಅಂಚಿನ ಕೆಂಪುಪಟ್ಟಿಯಲ್ಲಿ ಅತ್ಯಂತ ಗಂಭೀರ ಅಪಾಯದ ದರ್ಜೆ. ಬದುಕಿರುವ ಜಾಗವನ್ನೆಲ್ಲ ಕೂಡಿಸಿದರೆ ಬೆರಳೆಣಿಕೆಯ ಚದರ ಕಿಲೋಮೀಟರ್. ಜಾಗ ಚಿಕ್ಕದು ಎನ್ನುವುದಷ್ಟೇ ಆಗಿದ್ದರೆ ಇಷ್ಟು ಚಿಂತೆ ಇರಲಿಲ್ಲ. ಆ ಜಾಗದ ಕೆಳಗೆ ಇರುವುದು ಒಳ್ಳೆಯ ದರ್ಜೆಯ ಕಬ್ಬಿಣದ ಅದಿರು.

ಲೈಬೀರಿಯಾ ಕಡೆಯ ನಿಂಬಾದಲ್ಲಿ 1963ರಿಂದ 1980ರ ದಶಕದ ಕೊನೆಯವರೆಗೆ ಲಾಮ್ಕೊ ಎಂಬ ಕಂಪನಿ ಗಣಿ ನಡೆಸಿತು. ಬೆಟ್ಟದ ತಲೆಯೇ ಹೋಯಿತು. ತೋಡಿದ ಗುಂಡಿಯಲ್ಲಿ ಈಗ ನೀಲಿ ನೀರು ತುಂಬಿದೆ, ಯೆಕೆಪಾ ಪಟ್ಟಣದ ಬಳಿ ಜನ ಅದನ್ನು ನೀಲಿ ಸರೋವರವೆಂದು ನೋಡಲು ಹೋಗುತ್ತಾರೆ. ನಿಂತ ನೀರೇ ಇಲ್ಲದ ಬೆಟ್ಟಕ್ಕೆ ಕೊನೆಗೂ ಕೆರೆ ಬಂತು, ನೀರಿನ ಹಂಗು ಬಿಟ್ಟ ಕಪ್ಪೆಗೆ ಅದರಿಂದ ಆಗಬೇಕಾದ್ದೇನಿಲ್ಲ. 1989ರ ಡಿಸೆಂಬರ್‌ನಲ್ಲಿ ಅದೇ ನಿಂಬಾ ಸೀಮೆಯಿಂದ ಲೈಬೀರಿಯಾದ ಅಂತರ್ಯುದ್ಧ ಶುರುವಾಯಿತು. ಅಲ್ಲಿ ಉಳಿದ ಭಾಗವನ್ನು 2003ರಲ್ಲಿ ಪೂರ್ವ ನಿಂಬಾ ರಕ್ಷಿತ ಪ್ರದೇಶವೆಂದು ಘೋಷಿಸಿದರು.

ಗಿನಿ, ಐವರಿ ಕೋಸ್ಟ್ ಕಡೆ 1944ರಿಂದಲೇ ರಕ್ಷಣೆ ಇದೆ. ಗಿನಿಯ ಭಾಗ 1981ರಲ್ಲಿ, ಐವರಿ ಕೋಸ್ಟ್‌ನ ಭಾಗ 1982ರಲ್ಲಿ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದವು. ಆದರೆ ಗಿನಿಯ ಕಡೆ ಅದಿರಿರುವ 1,550 ಹೆಕ್ಟೇರ್ ಜಾಗವನ್ನು ಪರಂಪರೆಯ ಗಡಿಯ ಹೊರಗೆ ಇಡಲಾಯಿತು. ಹಣ್ಣಿನ ನಡುವೆ ಬೀಜದ ಜಾಗ ಕೊರೆದು ತೆಗೆದಂತೆ. 1992ರಿಂದ ಇಡೀ ತಾಣ ಅಪಾಯದಲ್ಲಿರುವ ಪರಂಪರೆಗಳ ಪಟ್ಟಿಯಲ್ಲಿದೆ.

ಇದನ್ನು ಕುದುರೆಮುಖಕ್ಕೆ ಹೋಲಿಸುವುದು ಅತಿಯಾಯಿತಲ್ಲವೇ?

ನನಗೆ ಹಾಗನ್ನಿಸಿಲ್ಲ. ಇಲ್ಲಿಯೂ ಶೋಲಾ ಕಾಡು ಮತ್ತು ಹುಲ್ಲುಗಾವಲಿನ ಕೆಳಗೆ ಅದಿರಿತ್ತು. ತೆಗೆದ ಅದಿರನ್ನು ನೀರಿನಲ್ಲಿ ಕಲಸಿ ಸುಮಾರು 67 ಕಿಲೋಮೀಟರ್ ಕೊಳವೆಯಲ್ಲಿ ಮಂಗಳೂರಿಗೆ ಹರಿಸಿದರು. ಉಳಿದ ಹೂಳನ್ನು ಲಕ್ಯಾ ಅಣೆಕಟ್ಟೆಯ ಹಿಂದೆ ನಿಲ್ಲಿಸಿದರು. ಜನ ವರ್ಷಗಟ್ಟಲೆ ಹೋರಾಡಿದ ಮೇಲೆ, ಸುಪ್ರೀಂ ಕೋರ್ಟ್ ಆದೇಶದಂತೆ 2005ರ ಕೊನೆಗೆ ಗಣಿ ನಿಂತಿತು. ಕೆಲಸ ಕಳೆದುಕೊಂಡವರ ಕಷ್ಟವನ್ನು ನಾನು ಮರೆತಿಲ್ಲ, ನನ್ನ ನೆಂಟರಲ್ಲೇ ಇದ್ದರು. ಗಿನಿಯಲ್ಲೂ ಕಬ್ಬಿಣ ಬೇಕು ಎನ್ನುವವರೆಲ್ಲ ದುಷ್ಟರಲ್ಲ, ಬಡ ದೇಶಕ್ಕೆ ಬೆಟ್ಟದೊಳಗಿನ ಹಣ ಕಣ್ಣಿಗೆ ಕಾಣುತ್ತಲೇ ಇರುತ್ತದೆ. ನಾನು ಹೇಳುವುದು ಇಷ್ಟೇ: ಅಗೆದ ಗುಡ್ಡದ ಮೇಲೆ ಹಸಿರು ನೆಡಬಹುದು, ಆದರೆ ಬೇಸಿಗೆಯಲ್ಲಿ ಬಸುರಿ ಕಪ್ಪೆ ಇಳಿದು ಕೂರುವ ಹಳೆಯ ಬಿರುಕುಗಳನ್ನು ಯಾವ ನರ್ಸರಿಯಲ್ಲೂ ಬೆಳೆಸಲು ಬರುವುದಿಲ್ಲ.

ಮೃಗಾಲಯದಲ್ಲಿ ಸಾಕಿ ಉಳಿಸಬಹುದಲ್ಲ?

ತಾಂಜಾನಿಯಾದ ಕಿಹಾನ್ಸಿ ಕಪ್ಪೆಯ ಕತೆ ಕೇಳಿ. ಒಂದೇ ಜಲಪಾತದ ಸಿಂಪಡಿಕೆಯಲ್ಲಿ ಬದುಕುತ್ತಿದ್ದ, ಅದೂ ಮರಿ ಹಾಕುವ ಕಪ್ಪೆ. ವಿದ್ಯುತ್ ಯೋಜನೆಗೆ ನೀರು ತಿರುಗಿಸಿದ್ದರಿಂದ ಸಿಂಪಡಿಕೆ ನಿಂತಿತು. 2000ದಲ್ಲಿ 499 ಕಪ್ಪೆಗಳನ್ನು ಅಮೆರಿಕದ ಮೃಗಾಲಯಗಳಿಗೆ ಒಯ್ದರು. 2009ರಲ್ಲಿ ಕಾಡಿನಲ್ಲಿ ಅದು ಅಳಿದಿದೆ ಎಂದು ಘೋಷಣೆಯಾಯಿತು. 2012ರಲ್ಲಿ ಸಾಕಿದವುಗಳನ್ನು ಮರಳಿ ತಂದು ಬಿಟ್ಟರು. ಈಗ ಕೃತಕವಾಗಿ ನೀರು ಸಿಂಪಡಿಸುವ ಏರ್ಪಾಟೂ ಇದೆ. ಸಾಧ್ಯವಿಲ್ಲವೆಂದಲ್ಲ, ಆದರೆ ಸಿಂಪಡಿಸುವ ಕೊಳವೆ ಎಳೆಯಬಹುದು, ಒಂಬತ್ತು ತಿಂಗಳ ಮಳೆ-ಬಿಸಿಲಿನ ಲೆಕ್ಕವನ್ನು, ಬೆಟ್ಟದ ತುದಿಯನ್ನು ಎಲ್ಲಿಂದ ತರುವುದು?

ಆ ಬೆಟ್ಟದಲ್ಲಿ ಬೇರೆ ಏನಿದೆ?

ಬಹಳ ಇದೆ. ಒಂದೆರಡು ಹೇಳುತ್ತೇನೆ. ಪಕ್ಕದ ಬೊಸ್ಸೌ ಗುಡ್ಡದ ಚಿಂಪಾಂಜಿಗಳು ಕಲ್ಲಿನ ಮೇಲೆ ತಾಳೆಬೀಜ ಇಟ್ಟು ಇನ್ನೊಂದು ಕಲ್ಲಿನಿಂದ ಜಜ್ಜಿ ತಿನ್ನುತ್ತವೆ. 2021ರಲ್ಲಿ ನಿಂಬಾದಿಂದ ಕಿತ್ತಳೆ ಮೈ, ಕಪ್ಪು ರೆಕ್ಕೆಯ ಹೊಸ ಬಾವಲಿಯೊಂದನ್ನು ವಿವರಿಸಿದರು. ಅದು ಸಿಕ್ಕಿದ್ದು ಅದಿರು ಹುಡುಕಲು ತೋಡಿ ಬಿಟ್ಟಿದ್ದ ಹಳೆಯ ಸುರಂಗಗಳಲ್ಲಿ.

ಹೋಗಿ ನೋಡಬಹುದೇ? ಒಂದನ್ನು ತಂದು ಸಾಕಬಹುದೇ?

ಮೊದಲನೆಯದು ಕಷ್ಟ, ಅದು ಕಟ್ಟುನಿಟ್ಟಿನ ರಕ್ಷಿತ ಪ್ರದೇಶ, ಅನುಮತಿ ಇಲ್ಲದೆ ಪ್ರವೇಶವಿಲ್ಲ. ಎರಡನೆಯದಕ್ಕೆ ಉತ್ತರ ಖಡಾಖಂಡಿತವಾಗಿ ಇಲ್ಲ. ವನ್ಯಜೀವಿ ವ್ಯಾಪಾರದ ಅಂತರರಾಷ್ಟ್ರೀಯ ಒಪ್ಪಂದದ ಮೊದಲ ಅನುಬಂಧದಲ್ಲಿ, ಹುಲಿಯ ಜೊತೆಗೇ, ಈ ಉಗುರಿನಷ್ಟು ಕಪ್ಪೆಯೂ ಇದೆ.

ಹಾಗಾದರೆ ನಮ್ಮ ಕಡೆಯ ಕಪ್ಪೆ ನೋಡಲು ಯಾವಾಗ ಬರಬೇಕು?

ಮೃಗಶಿರ ಹಿಡಿದ ಮೇಲೆ ಬನ್ನಿ. ಅಲ್ಲಿ ಹೆರಿಗೆಯ ಹೊತ್ತು, ಇಲ್ಲಿ ಕೂಗಿನ ಹೊತ್ತು. ಉದ್ದ ತೋಳಿನ ಅಂಗಿ, ಒಂದು ಟಾರ್ಚ್, ಅದಕ್ಕೆ ಬೇರೆ ಬ್ಯಾಟರಿ ಇರಲಿ. ಕೊಡೆ ಬೇಡ, ಗಾಳಿಗೆ ನಿಲ್ಲುವುದಿಲ್ಲ, ಕಂಬಳಿಕೊಪ್ಪೆ ನಾವೇ ಕೊಡುತ್ತೇವೆ. ಜಿಗಣೆಗೆ ಸುಣ್ಣ ಮತ್ತು ಹೊಗೆಸೊಪ್ಪು ಜಗಲಿಯ ಗೂಡಿನಲ್ಲಿ ಸದಾ ಇರುತ್ತದೆ.